ಬಲತೋಳಿನ ಮಸಿ

ಸತ್ವಾ, ದುಬೈ
11 ನವೆಂಬರ್ 2024

ನನ್ನ ಜೋಸ್ಫಿನ್‌ಗೆ,

ಮನೆಯಲ್ಲಿ ಎಲ್ಲರೂ ಕ್ಷೇಮವೇ? ನಿನ್ನ ಮಗಳಿಗೆ ಈಗ ಐದು ತುಂಬಿರಬೇಕು. ಎರಡು ವರ್ಷ ಸುಮ್ಮನಿದ್ದು ಈಗ ಏಕಾಏಕಿ ಕಾಗದ ಬರೆದಳೆಂದು ಬೈಯಬೇಡ. ವಾಟ್ಸಾಪ್‌ನಲ್ಲಿ ಹಾಕಿ, ನೀಲಿ ಗೆರೆ ಬಂದ ಮೇಲೆ ನಿನ್ನ ಉತ್ತರಕ್ಕೆ ಕಾಯುತ್ತ ಕೂರುವ ಧೈರ್ಯ ನನಗಿಲ್ಲ. ಕೆಳಗಿನ ಟೈಲರ್ ಉಮ್ಮರಬ್ಬಾಕ ನಾಳೆ ಊರಿಗೆ ಹೊರಟಿದ್ದಾರೆ. ಅವರ ಕೈಯಲ್ಲಿ ಕೊಡುತ್ತೇನೆ.

ಸುದ್ದಿ ಕೇಳು. ನನಗೆ ಸಿನಿಮಾದಲ್ಲಿ ಕೆಲಸ ಸಿಗುವ ಹಾಗಿದೆ! ಅದೂ ಚೀನಾದವರ ಸಿನಿಮಾ!

ಮುಸಫ್ಫಾದ ಒಂದು ಗೋದಾಮಿನೊಳಗೆ ನೂರು ವರ್ಷ ಹಿಂದಿನ ಶಾಂಘೈ ಬೀದಿಯನ್ನೇ ಎಬ್ಬಿಸಿದ್ದಾರೆ. ಮರಗೆಲಸವೆಲ್ಲ ನಮ್ಮ ಯಜಮಾನರು ತಿಲಕ್ ನೋಡಿಕೊಳ್ಳುತ್ತಾರೆ. ಕಥೆ ಮೂಕಿ ಚಿತ್ರಗಳ ಕಾಲದ ಶೆನ್ ಎಂಬ ಸಹಾಯಕ ನಿರ್ದೇಶಕನದು. ದೀಪ ಹೊರುವವನೂ ಅವನೇ, ಪರದೆಯ ಮೇಲೆ ಬರುವ ಮಾತುಗಳನ್ನು ಕುಂಚದಲ್ಲಿ ಬರೆಯುವವನೂ ಅವನೇ. ಹನ್ನೊಂದು ಚಿತ್ರಗಳಿಗೆ ಹೀಗೆ ದುಡಿದವನು ಹನ್ನೆರಡನೆಯದರ ಮೊದಲ ಪ್ರದರ್ಶನದಲ್ಲಿ, ತನ್ನ ಹೆಸರಿರಬೇಕಾದ ಕಡೆ ನಿರ್ದೇಶಕರ ಅಳಿಯನ ಹೆಸರು ಓದುತ್ತಾನೆ.

ಶನಿವಾರ ನಮ್ಮ ಮಗು ಪ್ರಿಯನ್‌ನನ್ನು ಎತ್ತಿಕೊಂಡು ಸೆಟ್ ನೋಡಲು ಹೋಗಿದ್ದೆ. ನಾನು ನೆಟ್ಟಗೆ ನಿದ್ದೆ ಮಾಡಿ ಐದು ತಿಂಗಳಾಯಿತು. ಮಗು ಕಳೆದ ಸಲ ಎಡಕ್ಕೆ ಕುಡಿಯಿತೋ ಬಲಕ್ಕೋ ಎಂಬುದೊಂದೇ ತಲೆಯಲ್ಲಿ ನಿಲ್ಲುವುದು. ಶೆನ್ ಪಾತ್ರದವನು ಊಟ ಮುಗಿಸಿ, ಅಂಗಿ ಬದಲಿಸಿ ಬಂದು ನಿಂತ, ಮಸಿಯ ಕಲೆ ಎಡತೋಳಿನಲ್ಲಿತ್ತು. "ಅಯ್ಯೋ, ಮಸಿ ಬಲತೋಳಿಗಲ್ವಾ ಇದ್ದದ್ದು!" ಎಂದು ಕೂಗಿಬಿಟ್ಟೆ.

"ಬಾಯಿ ಮುಚ್ಚು ಮಾರಾಯ್ತಿ, ನನ್ನ ವೀಸಾ ಹೋಗ್ತದೆ!" ತಿಲಕ್ ಹಲ್ಲು ಕಚ್ಚಿದರು.

ನಿರ್ದೇಶಕಿ ಹಿಂದಿನ ಶಾಟ್ ಹಾಕಿ ನೋಡಿದರು. ಬಲತೋಳೇ! "ಇಷ್ಟು ಜನರಿಗೆ ಕಾಣದ್ದು ನಿಮಗೆ ಹೇಗೆ ಕಂಡಿತು ಅಂತ ಕೇಳ್ತಾರೆ," ಎಂದಳು ದುಭಾಷಿ ನಾಫಿಯಾ, ಉಳ್ಳಾಲದ ಹುಡುಗಿ. ನಾನು ಎದೆಹಾಲಿನ ವಿಷಯ ಹೇಳಿದೆ.

"ಇದನ್ನು ನಾನು ಹೇಗೆ ಹೇಳುದು ಅಕ್ಕಾ?" ಎಂದು ಅವಳು ನಾಚಿ ಕೆಂಪಾದಳು, ಆದರೂ ಹೇಳಿದಳು. ನಿರ್ದೇಶಕಿ ಬಿದ್ದು ಬಿದ್ದು ನಕ್ಕರು. ಇಂಥ ತಪ್ಪು ಹಿಡಿಯಲು ಆರು ವಾರದ ಕೆಲಸ, ಮಗುವನ್ನೂ ತರಲಿ ಎಂದರು!

ಒಂದೇ ತೊಡಕು. ಸಹಾಯಕ ನಿರ್ದೇಶಕಿಯೆಂದು ಹೆಸರು ಬಂದ ಒಂದು ಚಿತ್ರವಾದರೂ ಇರಬೇಕು, ಇಲ್ಲದಿದ್ದರೆ ಕಂಪನಿ ಒಪ್ಪುವುದಿಲ್ಲವಂತೆ. ನಾಳೆ ಬೆಳಿಗ್ಗೆ ಫಾರ್ಮ್ ಕೊಡಬೇಕು. "ನಿನ್ನ ತುಳು ಪಿಕ್ಚರ್ ಉಂಟಲ್ಲ, ಹಾಕು. ಖಲಾಸ್!" ಎನ್ನುತ್ತಾರೆ ತಿಲಕ್.

ಖುಷಿ ತಡೆಯಲಾಗುತ್ತಿಲ್ಲ. ಭಯವೂ ಇದೆ. ಪ್ರಿಯನ್ ಬೆಳಗಿನಿಂದ ಮೂರು ಸಲ ಸೀನಿದ. ಗೋದಾಮಿನ ಧೂಳು ಅವನಿಗೆ ಆದೀತೇ? ಈ ಕಾಗದದ ನಡುವೆ ಎರಡು ಸಲ ಎದ್ದು ಹೋಗಿ ಅವನ ಉಸಿರು ನೋಡಿ ಬಂದೆ.

ನಿನ್ನ ಮಗಳಿಗೆ ನನ್ನ ಮುತ್ತು. ದೇವರು ಅವಳನ್ನು ನಗುನಗುತ್ತಾ ಇಟ್ಟಿರಲಿ.

ನಿನ್ನ
ಯಶ್ಮಿತಾ

ತಾ.ಕ.: ಆ ತುಳು ಚಿತ್ರದ ಸಹಾಯಕ ನಿರ್ದೇಶಕಿ ನೀನು. ನಾನು ಕ್ಲಾಪ್ ಹಿಡಿದವಳು. ನಿನ್ನ ಹೆಸರು ಬಿಟ್ಟುಹೋದದ್ದು ಸ್ಟುಡಿಯೋದವರ ತಪ್ಪಲ್ಲ, ಜೋಸ್ಫಿನ್. ನೀನು ಹೆರಿಗೆಗೆ ಹೋಗಿದ್ದಾಗ ಟೈಟಲ್‌ಗೆ ಹೆಸರುಗಳನ್ನು ಬರೆದುಕೊಟ್ಟವಳು ನಾನು. "ಮಗುವಾಯಿತಲ್ಲ, ಅವಳಿನ್ನು ಬರುವುದಿಲ್ಲ" ಎಂದು ನನ್ನ ಹೆಸರು ಹಾಕಿದೆ. ಪರದೆಯಲ್ಲಿ ಅದನ್ನು ನೋಡಿ ನೀನು, "ಹೋಗ್ಲಿ ಬಿಡು ಯಶ್ಮಿ, ನಿನ್ನದಾದ್ರೂ ಬಂತಲ್ಲ" ಎಂದಿದ್ದೆ. ಫಾರ್ಮಿನಲ್ಲಿ ಆ ಚಿತ್ರದ ಎದುರು ನಿನ್ನ ಹೆಸರು ಬರೆದು, ಅದರ ಕೆಳಗೆ 'ನಾನು ಕ್ಲಾಪ್ ಹಿಡಿದವಳು' ಎಂದು ಬರೆದಿದ್ದೇನೆ. ತಿಲಕ್‌ಗೆ ಇನ್ನೂ ಹೇಳಿಲ್ಲ.