ಅಜ್ಜಿಯ ಪ್ರಾರ್ಥನೆ, ಮಗನ ದೇವರು

ಜೂನ್ ೧೧, ಬುಧವಾರ

ಊಟ ಮುಗಿಸಿ ಕೂತರೂ ಸಿಟ್ಟು ಇಳಿದಿಲ್ಲ. ಆ ಅಜ್ಜಿಯ ಮಗನ ಮಾತೇ ಕಿವಿಯಲ್ಲಿ ಕೊರೆಯುತ್ತಿದೆ.

ನಮ್ಮ ವಾರ್ಡಿನ ಮೂಲೆ ಹಾಸಿಗೆಯ ಅಜ್ಜಿಗೆ ಕ್ಯಾನ್ಸರ್ ಮೂಳೆಗೆ ಇಳಿದಿದೆ. ಡಾಕ್ಟರು ನೋವು ತಗ್ಗಿಸುವ ಮಾರ್ಫಿನ್ ಸೂಜಿ ಬರೆದುಕೊಟ್ಟರೆ ಮಗ ಅಡ್ಡ ನಿಂತ.

"ಬೇಡ ಸಿಸ್ಟರ್. ಅಮ್ಮ ಎಚ್ಚರವಾಗಿದ್ದು ದೇವರ ಹೆಸರು ಹೇಳ್ತಾ ಹೋಗ್ಬೇಕು. ನೋವು ಅವನೇ ಕೊಟ್ಟಿದ್ದು. ತಡ್ಕೊಂಡ್ರೆ ಪಾಪ ಕಳೆಯುತ್ತೆ."

ಇವನ ಜೇಬಿನಿಂದಲೇ ತಲೆನೋವಿನ ಮಾತ್ರೆ ಇಣುಕುತ್ತಿತ್ತು! ಆ ನೋವು ಬೇರೆ ಯಾರೋ ಕೊಟ್ಟದ್ದಿರಬೇಕು.

ನಾನೇನು ನಾಸ್ತಿಕಳೇ? ಕೈ ಮುಗಿಯದೆ ಒಂದು ದಿನವೂ ಡ್ಯೂಟಿಗೆ ಹೊರಟವಳಲ್ಲ. ಅದಕ್ಕೇ ಮೈ ಉರಿಯಿತು. ನಾನು ಕೈ ಮುಗಿಯುವ ದೇವರನ್ನು ಇವನು ಚಿತ್ರಹಿಂಸೆ ಕೊಡುವವನನ್ನಾಗಿ ಮಾಡಿಬಿಟ್ಟನಲ್ಲ!

ಬಟ್ಟೆ ಬದಲಿಸುವ ನೆಪ ಹೇಳಿ ಅವನನ್ನು ಪರದೆಯ ಆಚೆ ಕಳಿಸಿದೆ. ಅಜ್ಜಿಯನ್ನೇ ಕೇಳಿದೆ, "ಸೂಜಿ ಬೇಕಾ, ಅಜ್ಜಿ?"

"ಒಂದು ಪ್ರಾರ್ಥನೇನೂ ಪೂರ್ತಿ ಆಗ್ತಿಲ್ಲ ಕಣಮ್ಮ. ಅರ್ಧಕ್ಕೆ ನೋವು ಬರುತ್ತೆ, ದೇವರೇ ಮರೆತುಹೋಗ್ತಾನೆ. ಕೊಟ್ಬಿಡು."

ಡಾಕ್ಟರನ್ನು ಕರೆದೆ. ಅವರೆದುರೂ ಅಜ್ಜಿ ಅದನ್ನೇ ಹೇಳಿದರು. ಡಾಕ್ಟರು ಮಗನಿಗೆ ತಿಳಿಸಿದಾಗ ಅವನು ಮುಖ ಊದಿಸಿಕೊಂಡು ಪಕ್ಕಕ್ಕೆ ಸರಿದ. ನಾನು ಸೂಜಿ ಕೊಟ್ಟೆ.

ಸಂಜೆ ಅಜ್ಜಿಯ ಹುಬ್ಬಿನ ಗಂಟು ಸಡಿಲವಾಯಿತು. ತುಟಿ ಅಲುಗಿತು. ಪ್ರಾರ್ಥನೆಯನ್ನು ಮೊದಲಿಂದ ಕೊನೆಯವರೆಗೂ ಹೇಳಿ ಮುಗಿಸಿದರು.

ಮಗ ಕಣ್ಣೊರೆಸಿಕೊಂಡು ನನ್ನತ್ತ ತಿರುಗಿದ. "ನೋಡಿದ್ರಾ ಸಿಸ್ಟರ್? ನನ್ನ ಮೊರೆ ದೇವರಿಗೆ ಕೇಳಿಸ್ತು."

ಬಾಯಿಗೆ ಬಂದದ್ದನ್ನೆಲ್ಲ ಅಂದೇಬಿಡುತ್ತಿದ್ದೆ. ಅಷ್ಟರಲ್ಲಿ ಅಜ್ಜಿ ನನ್ನ ಕೈ ಹಿಡಿದು, ಕಣ್ಣು ತೆರೆಯದೆಯೇ ಮೆಲ್ಲಗೆ ಕೇಳಿದರು:

"ಇನ್ನೊಂದು ಸೂಜಿ ಯಾವಾಗಮ್ಮ? ನನ್ನ ಮಗನಿಗೂ ಸೇರಿಸಿ ಪ್ರಾರ್ಥನೆ ಮಾಡ್ಬೇಕಿದೆ."