ಎಡಗೈ ಲೆಕ್ಕಕ್ಕಿಲ್ಲ

ಫೆಬ್ರವರಿ 4, 2023, ಶನಿವಾರ

ಸ್ಕೌಟ್ ಯೂನಿಫಾರ್ಮಿಗೆ ಇಸ್ತ್ರಿ ಹಾಕಿದೆ. ಬಹುಶಃ ಕೊನೆಯ ಸಲ.

ಸ್ಕೌಟುಗಳು ಪರಸ್ಪರ ಎಡಗೈ ಕುಲುಕಬೇಕು. ಯಾಕೆ? ಲೈಬ್ರರಿಯಲ್ಲಿ ಪ್ರಿಂಟ್ ತೆಗೆದ ಕರಪತ್ರ ಸ್ಪಷ್ಟವಾಗಿ ಹೇಳುತ್ತದೆ — ಇದೆಲ್ಲ ಹುಡುಗರನ್ನು ಬ್ರಿಟಿಷ್ ಸಾಮ್ರಾಜ್ಯದ ಸಿಪಾಯಿಗಳಾಗಿಸುವ ಕವಾಯತು. ಇದೇ ಹದಿಮೂರಕ್ಕೆ ಅಮೆರಿಕದ ಈ ಏಪೆಕ್ಸ್ ಊರಿನ ನಮ್ಮ ಹುಡುಗಿಯರ ಟ್ರೂಪಿಗೆ ಹೊಸಬಳು ಬರುತ್ತಾಳೆ. ಲೀಡರಾದ ನಾನೇ ಕೈ ಕೊಟ್ಟು ಸೇರಿಸಿಕೊಳ್ಳಬೇಕು. ಕೊಡುವುದಿಲ್ಲ. ಬ್ಯಾಡ್ಜ್ ಹಿಂದಿರುಗಿಸಿ ಹೊರಬರುತ್ತೇನೆ.

ಅಬ್ಬಾ ಅಪ್ಪಂದಿರ ಜೋಕು ಹಾರಿಸಿದರು: “ಅಂದ್ರೆ ಕೈ ಕೊಡದೇನೇ ಅವರಿಗೆ ಕೈ ಕೊಡ್ತೀಯಾ, ಫಲಕ್?”

ನಗಲಿಲ್ಲ. ಚೆನ್ನಾಗಿತ್ತು, ಆದರೂ ನಗಲಿಲ್ಲ.

ಫೆಬ್ರವರಿ 12, ಭಾನುವಾರ

ಪಕ್ಕದ ಬೀದಿಯ ಸೂರ್ಯನಾರಾಯಣ ಅಂಕಲ್ ಮನೆಗೆ ಹೋದೆ. ರಿಟೈರ್ಡ್ ಡಾಕ್ಟರ್. ಐವತ್ತರ ದಶಕದಲ್ಲಿ ಮೈಸೂರಿನಲ್ಲಿ ಸ್ಕೌಟ್. ಕರಪತ್ರ ಓದಿ ಹೇಳಿದೆ. ತಲೆದೂಗಿದರು.

“ಸರಿಯಾಗೇ ಬರೆದಿದ್ದಾನೆ. ಆದ್ರೆ ರಾಮಲಿಂಗಪ್ಪನ ವಿಷಯ ಅವನಿಗೆ ಗೊತ್ತಿಲ್ಲ.”

“ಯಾರು?”

“ನಮ್ಮ ಟ್ರೂಪಿಗೆ ಬಂದ ಕೇರಿ ಹುಡುಗ. ಅವನನ್ನ ಮುಟ್ಟಿದ್ರೆ ಮನೇಲಿ ಸ್ನಾನ ಮಾಡಿಸ್ತಿದ್ರು. ಕೈ ಕುಲುಕದಿದ್ರೆ ಸ್ಕೌಟ್ ಮಾಸ್ಟರ್ ಬಿಡಲ್ಲ. ಎಡಗೈ ಮಡಿಯ ಲೆಕ್ಕಕ್ಕಿಲ್ಲ ಅಂತ ನಾವೇ ಒಂದು ಕಾನೂನು ಮಾಡ್ಕೊಂಡ್ವಿ!”

“ಅಸಹ್ಯ, ಅಂಕಲ್.”

“ಅಸಹ್ಯವೇ ಕಣಮ್ಮ. ಅದರ ಸಂದೀಲೇ ಸ್ನೇಹ ನುಸುಳಿದ್ದು. ಕ್ಯಾಂಪಲ್ಲಿ ಅಡುಗೆ ಪಾಳಿ ಅವನದ್ದು ಬಂತು. ಹೊಟ್ಟೆ ಚುರುಗುಟ್ತಿದೆ. ಅವನು ಬೇಯಿಸಿದ್ದನ್ನ ಎಡಗೈಲಿ ತಿನ್ನಕ್ಕಾಗುತ್ತಾ?”

“ತಿಂದ್ರಾ?”

“ಎರಡನೇ ಸಲ ಹಾಕಿಸ್ಕೊಂಡೆ. ಡಾಕ್ಟರಿಕೆ ಕಾಲೇಜಲ್ಲಿ ಕಲಿತೆ. ಮನುಷ್ಯನ್ನ ಮುಟ್ಟೋದು ಅಲ್ಲಿ ಕಲಿತಿದ್ದು. ಅವನು ಈಗ್ಲೂ ವಾಟ್ಸಾಪಲ್ಲಿ ಬೈತಾನೆ — ಗುಗ್ಗು, ಒಂದು ಗಂಟು ನೆಟ್ಟಗೆ ಹಾಕಕ್ಕೆ ಬರಲ್ಲ ಅಂತ.”

ಆಮೇಲೆ ಕೇಳಿದರು: “ಬ್ಯಾಡ್ಜ್ ಕೊಟ್ಟುಬಿಡ್ತೀಯಾ?”

ಕರಪತ್ರ ಮಡಚಿ ಎದ್ದುಬಂದೆ. ಕರಪತ್ರ ಸುಳ್ಳಲ್ಲ... ಪೂರ್ತಿ ನಿಜವೂ ಅಲ್ಲ. ಸಾಮ್ರಾಜ್ಯದ ಕವಾಯತು ಒಬ್ಬ ಹುಡುಗನ ಮಡಿ ಮುರಿಯುತ್ತದೆಂದು ಯಾವ ಸಾಮ್ರಾಜ್ಯ ಎಣಿಸಿತ್ತು? ಏಪೆಕ್ಸಿನ ಬೀದಿಯಲ್ಲಿ ಒಬ್ಬಳೇ ನಗುತ್ತ ನಡೆದೆ.

ಫೆಬ್ರವರಿ 13, ಸೋಮವಾರ

ಬ್ಯಾಡ್ಜ್ ಹಿಂದಿರುಗಿಸಲಿಲ್ಲ. ಯಾರ ಆಜ್ಞೆಗೂ ಅಲ್ಲ, ನನ್ನದೇ ತೀರ್ಮಾನ.

ಹೊಸಬಳು ಶಿಫಾ. ಬೆಂಗಳೂರಿನವರ ಮಗಳು, ಹುಟ್ಟಿದ್ದು ಇಲ್ಲೇ. ಎಡಗೈ ಚಾಚಿದೆ. ಅವಳು ತನ್ನದನ್ನು ಬೆನ್ನ ಹಿಂದೆ ಬಚ್ಚಿಟ್ಟಳು.

“ಲೆಫ್ಟ್ ಹ್ಯಾಂಡ್ ಕೊಡಬಾರ್ದು, ಅಮ್ಮಿ ಹೇಳಿದ್ದು. ಇಟ್ಸ್ ರೂಡ್.”

ಭಾಷಣ ನಾಲಿಗೆಯ ತುದಿಗೆ ಬಂದಿತ್ತು. ನುಂಗಿದೆ. “ಸರಿ, ಯಾವ ಕೈ ಕೊಡ್ತೀಯಾ? ನೀನೇ ಹೇಳು.”

ಯೋಚಿಸಿದಳು. ಬಾಗಿಲಲ್ಲಿದ್ದ ತಾಯಿಯನ್ನು ನೋಡಿದಳು. ಆಮೇಲೆ ಎರಡೂ ಕೈ ಮುಂದೆ ಚಾಚಿ, ನನ್ನ ಎಡಗೈಯನ್ನು ಅವುಗಳ ನಡುವೆ ಹಿಡಿದುಕೊಂಡಳು.