ಹಡಗಿನವರ ಮನೆಯಿಂದ

ನರೋಣಾ
3 ಆಗಸ್ಟ್ 2025, ರವಿವಾರ

ಅಮೃತಾಳ ಅಪ್ಪನವರಿಗೆ,

ಶಿವಕಾಂತಾ ಮಾಡುವ ನಮಸ್ಕಾರ. ನಾವು ಇಲ್ಲಿ ಆರಾಮ ಇದ್ದೇವೆ, ನೀವೂ ಆರಾಮ ಇದ್ದೀರಿ ಎಂದು ತಿಳಿಯುತ್ತೇನೆ. ಇಷ್ಟು ಬರೆದಲ್ಲಿಗೆ ಪತ್ರದ ಮರ್ಯಾದೆ ಮುಗಿಯಿತು. ಇನ್ನು ಮುಂದೆ ಬರೆಯುವುದೆಲ್ಲ ಜಗಳ. ಊಟ ಆಗಿರದಿದ್ದರೆ ಮೊದಲು ಊಟ ಮಾಡಿ ಬನ್ನಿ, ಆಮೇಲೆ ಓದಿ.

ಕೈಯಲ್ಲಿ ಫೋನ್ ಇಟ್ಟುಕೊಂಡು ಪತ್ರ ಯಾಕೆ ಬರೆದಳು ಅಂತೀರಿ. ಹಿಂದಿನ ವಾರ ನಾನು ಮಾತಿನ ನಡುವೆ ಇರುವಾಗಲೇ ಫೋನ್ ಕಟ್ ಮಾಡಿದವರು ನೀವು. ಆಮೇಲೆ ಎಷ್ಟು ಸಲ ಹಚ್ಚಿದರೂ ಎತ್ತಲಿಲ್ಲ. ಕಾಗದವನ್ನು ಹಾಗೆ ನಡುವೆ ಕಟ್ ಮಾಡಲು ಬರುವುದಿಲ್ಲ, ಹರಿದು ಹಾಕಬೇಕೆಂದರೂ ಮೊದಲು ಒಂದೆರಡು ಸಾಲು ಕಣ್ಣಿಗೆ ಬಿದ್ದೇ ಬೀಳುತ್ತವೆ. ಆಳಂದದ ಕರೀಮಸಾಬರು ರಜೆ ಮುಗಿಸಿ ಮತ್ತೆ ದುಬೈಗೆ ಹೊರಟಿದ್ದಾರೆ, ಅವರ ಕೈಯಲ್ಲಿ ಇದನ್ನು ಕಳಿಸುತ್ತಿದ್ದೇನೆ. ನಿಮ್ಮ ಹಡಗು ಈಗ ಯಾವ ಸಮುದ್ರದಲ್ಲಿದೆಯೋ ಏನೋ, ಅವರು ಮಾತ್ರ "ಚಿಂತಿ ಮಾಡಬ್ಯಾಡ ತಂಗಿ, ನಾ ಮುಟ್ಟಿಸ್ತೇನಿ" ಅಂದರು. ಜೊತೆಗೆ ರೊಟ್ಟಿಗೆ ಹಚ್ಚಿಕೊಳ್ಳಲು ಶೇಂಗಾ ಹಿಂಡಿ ಇದೆ. ನನ್ನ ಮೇಲಿನ ಸಿಟ್ಟಿಗೆ ಅದನ್ನು ಮಂದಿಗೆ ಹಂಚಬೇಡಿ.

ಮೊದಲು ನಿಮ್ಮ ಅಕ್ಕ ಕೊಟ್ಟ ದೂರಿನ ಮಾತು. ಹೌದು, ಸಕ್ಕರೆ ವಾಪಸ್ ಕಳಿಸಿದವಳು ನಾನೇ. ಅಮೃತಾ ಅಲ್ಲ. ಅವಳು ಆಗ ಮನೆಯಲ್ಲೇ ಇರಲಿಲ್ಲ, ಸರ್ಟಿಫಿಕೇಟು ತರಲು ಆಳಂದಕ್ಕೆ ಹೋಗಿದ್ದಳು. ರುಕ್ಮಿಣಿಬಾಯಿ ಅಕ್ಕ ಜೇವರ್ಗಿಯಿಂದ ಹುಡುಗನ ಕಡೆಯವರನ್ನು ಕರೆದುಕೊಂಡು, ಹೇಳದೆ ಕೇಳದೆ ಬಂದರು. ನಾನು ಅಂಗನವಾಡಿ ಮುಗಿಸಿ ಮನೆಗೆ ಬರುವಷ್ಟರಲ್ಲಿ ಪಡಸಾಲೆಯಲ್ಲಿ ಚಾಪೆ ಹಾಸಿಕೊಂಡು ಕೂತಿದ್ದರು. ಮುಂದೆ ತಾಟು, ತಾಟಿನಲ್ಲಿ ಹಸಿರು ಸೀರೆ, ಖಣ, ಸಕ್ಕರೆ. ಹುಡುಗಿಯ ತಾಯಿ ಮತ್ತು ಹುಡುಗನ ತಾಯಿ ಒಬ್ಬರ ಬಾಯಿಗೆ ಒಬ್ಬರು ಸಕ್ಕರೆ ಹಾಕಿದರೆ ನಮ್ಮಲ್ಲಿ ಮಾತು ಮುಗಿದ ಹಾಗೆ. ಆಮೇಲೆ ಹಿಂದೆ ಸರಿದರೆ ನಾಲ್ಕು ಊರಿನಲ್ಲಿ ಹೆಸರು ಕೆಡುತ್ತದೆ. ಅದು ಅಕ್ಕನಿಗೆ ಚೆನ್ನಾಗಿ ಗೊತ್ತು, ಅದಕ್ಕೇ ನನಗೆ ಕೈಕಾಲು ತೊಳೆಯಲೂ ಬಿಡಲಿಲ್ಲ.

ಆ ತಾಯಿ ಚಿಟಿಕೆ ಸಕ್ಕರೆ ಹಿಡಿದು ನನ್ನ ತುಟಿಯ ತನಕ ತಂದರು. ನಾನು ಹಲ್ಲು ಕಚ್ಚಿ ಕೂತೆ. ಸಕ್ಕರೆ ತುಟಿಗೆ ಬಡಿದು ಸೀರೆಯ ಮೇಲೆ ಉದುರಿತು. "ಬಾಯಿ ತೆರಿ ಬೇ ಶಿವಕಾಂತಾ, ಜಗದೇವ ಹೂಂ ಅಂದಾನ" ಅಂತ ನಿಮ್ಮ ಹೆಸರು ಹೇಳಿ ಅಕ್ಕ ನನ್ನ ಭುಜ ಅಲ್ಲಾಡಿಸಿದರು. ಉತ್ತರ ಕೊಡಬೇಕೆಂದರೆ ಬಾಯಿ ತೆರೆಯಬೇಕು, ತೆರೆದರೆ ಸಕ್ಕರೆ ಒಳಗೆ ಹೋಗುತ್ತದೆ. ಎದ್ದು ಬಾಗಿಲ ತನಕ ಹೋಗಿ ಅಲ್ಲಿಂದ ಮಾತಾಡಿದೆ. "ಅವರು ಹೂಂ ಅಂದಿದ್ರ ಸಕ್ರಿ ಅವರ ಬಾಯಿಗೇ ಹಾಕ್ರಿ. ನನ್ನ ಮಗಳು ಓದಾಕ ಹೊಂಟಾಳ" ಅಂದೆ. ತಾಟನ್ನು ನಾನೇ ಎತ್ತಿ ಅಕ್ಕನ ಕೈಗೆ ಕೊಟ್ಟೆ, ಚಹಾ ಕುಡಿದು ಹೋಗಿ ಅಂತಲೂ ಹೇಳಿದೆ. ಅವರು ಕುಡಿಯಲಿಲ್ಲ.

ಹುಡುಗನ ಮೇಲೆ ನನಗೇನೂ ಇಲ್ಲ. ಹೊರಡುವಾಗ ಅಜಯಕುಮಾರ ಒಬ್ಬನೇ ತಿರುಗಿ ಬಂದು ಕೈಮುಗಿದ. "ತಪ್ಪ ತಿಳಕೋಬ್ಯಾಡ್ರಿ ಕಾಕು, ನಿಮಗ ಕೇಳೇ ಇಲ್ಲ ಅಂತ ನಮಗ ಗೊತ್ತಿರಲಿಲ್ಲ" ಅಂದ. ಆ ಹುಡುಗನಿಗೆ ಇರುವ ತಿಳುವಳಿಕೆ ಅವನಿಗೆ ಮಾವನಾಗಲು ಹೊರಟವರಿಗೆ ಇಲ್ಲವಾಯಿತು.

ಇನ್ನು ನಿಮ್ಮ ಪ್ರಶ್ನೆ. ಫೋನಿನಲ್ಲಿ ಕೂಗಾಡಿದಿರಿ, "ಹುಡುಗಿ ತಲಿ ಯಾರು ಕೆಡಿಸ್ಯಾರ? ನರೋಣಾದಾಗ ಬೆಳದಕಿಗೆ ಹಡಗದ ಇಂಜಿನಿಯರ್ ಆಗಬೇಕಂತ ಯಾವನು ಹೇಳ್ಯಾನ?" ಅಂತ. ಉತ್ತರ ನನ್ನ ನಾಲಿಗೆಯ ತುದಿಯಲ್ಲೇ ಇತ್ತು, ನೀವು ಕೇಳಿಸಿಕೊಳ್ಳಲು ನಿಲ್ಲಲಿಲ್ಲ. ಈಗ ಕೇಳಿ. ನೀವೇ.

ನೀವು ಆಳಂದದಲ್ಲಿ ಬೋರ್‌ವೆಲ್ ಮೋಟರ್ ರಿಪೇರಿ ಮಾಡುವುದು ಬಿಟ್ಟು ಹಡಗಿನ ಕೆಲಸಕ್ಕೆ ಹೋದಾಗ ಅವಳಿಗೆ ಹನ್ನೊಂದು ವರ್ಷ. ವಾರದ ರಜೆಗೆ ಫೋನ್ ಮಾಡಿದರೆ ನನಗೆ "ಮಳಿ ಬಂತಾ, ತೊಗರಿ ಹ್ಯಾಂಗದ" ಇಷ್ಟೇ. ಅದು ಮುಗಿಯುತ್ತಲೇ "ಅಮ್ಮೂಗ ಕೊಡು". ಬೇರೆ ಮನೆಯ ಮಕ್ಕಳು ರಾಜ ರಾಣಿಯ ಕಥೆ ಕೇಳಿದರು. ನನ್ನ ಮಗಳು ನೀವು ಕೆಲಸಕ್ಕಿರುವ ಕ್ವೀನ್ ಎಲಿಜಬೆತ್ ಎರಡು ಅನ್ನುವ ಹಡಗಿನ ಕಥೆ ಕೇಳಿಕೊಂಡು ದೊಡ್ಡವಳಾದಳು. ನಾನು ಪಕ್ಕದಲ್ಲಿ ರೊಟ್ಟಿ ಬಡಿಯುತ್ತ ಕೇಳುತ್ತಿದ್ದೆ. ಯಾರ ತಲೆ ಯಾರು ಕೆಡಿಸಿದರು ಅನ್ನುವುದಕ್ಕೆ ನಾನೇ ಸಾಕ್ಷಿ, ಅರ್ಧ ಕಥೆ ನನಗೂ ಬಾಯಿಪಾಠ ಆಗಿದೆ.

ಸ್ಕಾಟ್‌ಲೆಂಡಿನ ಕ್ಲೈಡ್ ನದಿಯ ದಂಡೆಯಲ್ಲಿ ಅದನ್ನು ಕಟ್ಟಿದರು. "ನಿಮ್ಮ ಮಣ್ಣೂರ ಭೀಮಿಗಿಂತ ಸಣ್ಣ ಹೊಳಿ ಅದು" ಅಂತ ನನ್ನ ತವರನ್ನೂ ಎಳೆದು ತಂದಿದ್ದಿರಿ. 1967ರಲ್ಲಿ ನೀರಿಗೆ ಬಿಡುವ ದಿನದ ತನಕ ಅದರ ಹೆಸರನ್ನು ಊರಿಗೆ ಹೇಳದೆ ಗುಟ್ಟಾಗಿ ಇಟ್ಟಿದ್ದರು. ಇಂಗ್ಲೆಂಡಿನ ರಾಣಿ ಬಂದು ಹೆಸರಿಟ್ಟರು, ಗುಂಡಿ ಒತ್ತಿದರು, ಹಡಗು ಕದಲಲೇ ಇಲ್ಲ. ಸಾವಿರಾರು ಮಂದಿ ಬಾಯಿ ತೆರೆದು ನೋಡುತ್ತಿದ್ದಾರೆ. ಆಗ ಕಾರ್ಖಾನೆಯ ಒಬ್ಬ ಹಿರಿಯ ಮುಂದೆ ಹೋಗಿ ಅಷ್ಟು ದೊಡ್ಡ ಹಡಗಿಗೆ ತಮಾಷೆಗೆ ಕೈ ಕೊಟ್ಟು ನೂಕಿದ, ಹಡಗು ಜಾರಿತು. ಅಮೃತಾ ಈ ಭಾಗವನ್ನು ಎಷ್ಟು ಸಲ ಹೇಳಿಸಿದಳೋ ಲೆಕ್ಕವಿಲ್ಲ. ನೂಕಿದವನು ನೀವೇ ಅನ್ನುವ ಹಾಗೆ ಪ್ರತಿ ಸಲ ನೀವೂ ಹೇಳಿದಿರಿ.

ನೀರಿಗೆ ಬಿದ್ದ ಮೇಲೂ ಅದಕ್ಕೆ ಸುಖವಿರಲಿಲ್ಲ. ಪರೀಕ್ಷೆಗೆಂದು ಓಡಿಸಿದಾಗ ಇಂಜಿನ್ ಕೆಟ್ಟಿತು. ಮಾಡಿಸಿದ ಕಂಪನಿಯವರು ಇದನ್ನು ಸರಿ ಮಾಡುವ ತನಕ ನಮಗೆ ಬೇಡ ಅಂದರು. ವಿಮಾನ ಬಂದಿವೆ, ಇನ್ನು ಹಡಗಿನಲ್ಲಿ ಯಾರು ನ್ಯೂಯಾರ್ಕಿಗೆ ಹೋಗುತ್ತಾರೆ ಅಂತ ಮಂದಿ ಆಡಿಕೊಂಡರು. ಆ ಹಡಗು ಮಂದಿಯ ಮಾತಿಗೆ ಕಿವಿ ಕೊಡದೆ 1969ರಲ್ಲಿ ಅಟ್ಲಾಂಟಿಕ್ ದಾಟಿ ತೋರಿಸಿತು. "ಮಂದಿ ಬಾಯಿಗೆ ಹೆದರಿದ್ರ ಅದು ಇನ್ನೂ ಹೊಳಿ ದಂಡ್ಯಾಗೇ ಕುಂದರತಿತ್ತು ಅಮ್ಮೂ" ಅಂದವರು ನೀವು. ಈಗ ಅದೇ ಅಮ್ಮೂಗೆ "ಮಂದಿ ಏನಂತಾರ" ಅಂತ ಹೇಳುತ್ತೀರಿ. ಬಾಯಿ ಒಂದೇ, ಮಾತು ಎರಡು.

ಯುದ್ಧಕ್ಕೆ ಹೋದ ಕಥೆಯೂ ನೆನಪಿದೆ. ಫಾಕ್‌ಲ್ಯಾಂಡಿಗೆ ಸಾವಿರಾರು ಸೈನಿಕರನ್ನು ಒಯ್ಯುವಾಗ, ಬೂಟಿನಿಂದ ಹಾಳಾಗಬಾರದು ಅಂತ ಸಾಹುಕಾರರ ರತ್ನಗಂಬಳಿಯ ಮೇಲೆಲ್ಲ ಹಲಗೆ ಮುಚ್ಚಿದರಂತೆ. ನನಗೆ ಅದು ಹಿಡಿಸಿತ್ತು, ಯುದ್ಧ ಇದ್ದರೂ ಮನೆಯ ಕಾಳಜಿ ಬಿಡಲಿಲ್ಲ ನೋಡಿ. ಅಮೃತಾಗೆ ಹಿಡಿಸಿದ್ದು ಬೇರೆ. ಇಪ್ಪತ್ತು ವರ್ಷ ದಾಟುವ ಮೊದಲೇ ಹಳೆಯ ಉಗಿ ಇಂಜಿನ್ನುಗಳನ್ನು ಕಿತ್ತು ಹಾಕಿ, ಅದೇ ಹೊಟ್ಟೆಯೊಳಗೆ ಡೀಸೆಲ್ ಇಂಜಿನ್ ಕೂರಿಸಿದರಲ್ಲ, ಅದು. ಹೇಗೆ ಕಿತ್ತರು, ಹೇಗೆ ಒಳಗೆ ಇಳಿಸಿದರು ಅಂತ ನಿಮ್ಮ ಜೀವ ತಿಂದಳು. ನಿಮಗೆ ಹೇಳಿ ಹೇಳಿ ಸಾಕಾಗಿ "ಅಂಗಳದಾಗ ನನ್ನ ಸುಟ್ಟ ಮೋಟರ್ ಅದ, ಬಿಚ್ಚಿ ನೋಡು ಹೋಗು" ಅಂದಿರಿ. ಹೋಗಿ ಬಿಚ್ಚಿದಳು. ಮತ್ತೆ ಕೂಡಿಸಲು ಒಂದು ತಿಂಗಳು ಹಿಡಿಯಿತು, ಕೂಡಿಸಿದಳು. ಅದರ ಮರುದಿನ ಬಾವಿಯ ಹಗ್ಗ ತೆಗೆದುಕೊಂಡು ಹಡಗಿನ ಉದ್ದವನ್ನು ಓಣಿಯಲ್ಲಿ ಅಳೆಯಲು ಹೋದಳು. ಹಡಗಿನ ಹಿಂಭಾಗ ನಮ್ಮ ಬಾಗಿಲಿಗೆ ಇಟ್ಟರೆ ಮೂತಿ ಶಾಲೆಯನ್ನೂ ದಾಟಿ ಬಸ್ ನಿಲ್ಲುವ ಜಾಗಕ್ಕೆ ಹೋಯಿತು. ಅವತ್ತಿನಿಂದ ನಮ್ಮದು ಹಡಗಿನವರ ಮನೆ.

ನೀವು ಸುಮ್ಮನೆ ಹೊತ್ತು ಕಳೆಯಲು ಹೇಳಿದಿರಿ, ಅವಳು ಅದನ್ನು ಪಾಠ ಅಂತ ಕೇಳಿದಳು. ತಪ್ಪು ಯಾರದೋ ನೀವೇ ಹೇಳಿ. ಗಂಡುಮಗನಿಗೆ ಹೇಳಿದ್ದರೆ ಅವನು ಇವತ್ತು ಹೊರಟಾಗ ಆಳಂದದ ಬಸ್ ಸ್ಟ್ಯಾಂಡಿನಲ್ಲಿ ಪೇಢೆ ಹಂಚುತ್ತಿದ್ದಿರಿ.

"ಸಮುದ್ರ ಏನಂತ ನನಗ ಗೊತ್ತದ, ನಾ ನೋಡೇನಿ, ಅದು ಹೆಣ್ಣುಮಕ್ಕಳ ಜಾಗ ಅಲ್ಲ" ಅಂದಿರಿ. ನಿಮ್ಮ ಇಡೀ ವಾದ ಈ ಒಂದೇ ಮಾತಿನ ಮೇಲೆ ನಿಂತಿದೆ. ಹಾಗಾದರೆ ಆ 1995ರ ಅಲೆಯ ಕಥೆ ಯಾಕೆ ಹೇಳಿದಿರಿ? ತೊಂಬತ್ತು ಅಡಿಗಿಂತ ಎತ್ತರದ ಅಲೆ ಎದ್ದು ಬಂದಾಗ ಕ್ಯಾಪ್ಟನ್ ಹಡಗನ್ನು ಅದರ ಎದುರಿಗೇ ತಿರುಗಿಸಿದ, ಪಕ್ಕಕ್ಕೆ ತಿರುಗಿದ್ದರೆ ಉಳಿಯುತ್ತಿರಲಿಲ್ಲ ಅಂದಿರಿ. ಮಗಳು ಕಣ್ಣು ಮಿಟುಕಿಸದೆ ಕೇಳಿದಳು. ಎದುರಿಗೆ ಹೋಗುವುದನ್ನು ಕಲಿಸಿದ ಬಾಯಿಯಿಂದಲೇ ಈಗ ಜೇವರ್ಗಿಯ ಕಡೆಗೆ ತಿರುಗು ಅಂದರೆ ಅವಳು ತಿರುಗುವುದಿಲ್ಲ. ಮತ್ತೊಂದು ಮಾತು, ನಿಮಗೆ ಈಜು ಬರುವುದಿಲ್ಲ. ನಿಮ್ಮ ಮಗಳಿಗೆ ಬರುತ್ತದೆ. ಬೆನ್ನಿಗೆ ಖಾಲಿ ಡಬ್ಬಿ ಕಟ್ಟಿ ಭೀಮೆಯಲ್ಲಿ ನಾನೇ ಕಲಿಸಿದ್ದೇನೆ.

ಈಗ ಸುದ್ದಿ. ಓದುವಾಗ ಕೂತುಕೊಳ್ಳಿ. ಅಮೃತಾ ಹೋಗಿ ಆಯಿತು. ಪ್ರವೇಶ ಪರೀಕ್ಷೆಯಲ್ಲಿ ಬಂದ ಸೀಟು ಬಿಡುವುದಿಲ್ಲ ಅಂತ ಅವಳು ಅಂದಳು, ಬಿಡಬೇಡ ಅಂತ ನಾನು ಅಂದೆ. ಗುರುವಾರ ಇಬ್ಬರೂ ಕಲಬುರಗಿಯಲ್ಲಿ ರೈಲು ಹತ್ತಿದೆವು. ಮುಂಬೈಯ ಕಾಲೇಜಿನಲ್ಲಿ ಪಾಲಕರ ಸಹಿ ಬೇಕು ಅಂದರು. ತಂದೆ ಎಲ್ಲಿ ಅಂತ ಕೇಳಿದರು, ಹಡಗಿನಲ್ಲಿದ್ದಾರೆ ಅಂದೆ. ಅಲ್ಲಿದ್ದ ಮೇಡಂ ನಗುತ್ತ "ಹಾಗಾದರೆ ಇದು ಮನೆತನದ ಕೆಲಸ" ಅಂದರು. ನಾನು ಹೌದು ಅಂದು ಸಹಿ ಹಾಕಿದೆ. ಅವಳ ತರಗತಿಯಲ್ಲಿ ಹುಡುಗಿಯರು ಬೆರಳೆಣಿಕೆ. ಹಾಸ್ಟೆಲಿನ ಗೇಟಿನಲ್ಲಿ ಅವಳು ಅಳಲಿಲ್ಲ, ನಾನು ಅತ್ತೆ. ನಿನ್ನೆ ಮನೆಗೆ ಬಂದೆ.

"ಹೋದ್ರ ನನಗ ಫೋನ್ ಹಚ್ಚಬ್ಯಾಡ ಅನ್ನು, ಅಕಿ ನನ್ನ ಮಗಳೇ ಅಲ್ಲ" ಅಂತ ನನ್ನ ಮುಂದೆ ಹೇಳಿದಿರಿ. ಆ ಮಾತನ್ನು ನಾನು ಅವಳಿಗೆ ಮುಟ್ಟಿಸಿಲ್ಲ, ಮುಟ್ಟಿಸುವುದೂ ಇಲ್ಲ. ಅವಳ ಹೊಸ ನಂಬರನ್ನು ಕರೀಮಸಾಬರಿಗೆ ಕೊಟ್ಟಿದ್ದೇನೆ. ಮನಸ್ಸಿದ್ದರೆ ಹಚ್ಚಿ, ಇಲ್ಲವೆಂದರೆ ಸಿಟ್ಟು ಇಳಿಯುವ ತನಕ ಹಾಗೇ ಇರಿ. ಊರಿಗೆ ಬಂದು ಕೂಗಾಡಬೇಕು ಅನ್ನಿಸಿದರೆ ಬನ್ನಿ, ಬಾಗಿಲು ತೆರೆದಿದೆ, ರೊಟ್ಟಿ ಮಾಡಿ ಹಾಕುತ್ತೇನೆ, ಕೂಗಿದ್ದಕ್ಕೆಲ್ಲ ಉತ್ತರವನ್ನೂ ಕೊಡುತ್ತೇನೆ. ಅವಳನ್ನು ಹಿಂದಕ್ಕೆ ಕರೆತರುವುದು ಮಾತ್ರ ನನ್ನ ಕೈಯಿಂದ ಆಗದು. ಮದುವೆ ಆದಾಗಿನಿಂದ ನಾನು ನಿಮ್ಮ ಮಾತು ಮೀರಿಲ್ಲ ಅಂತ ಎಲ್ಲರ ಮುಂದೆ ಹೇಳಿಕೊಳ್ಳುತ್ತಿದ್ದಿರಿ. ಇನ್ನು ಮೇಲೆ ಹಾಗೆ ಹೇಳಬೇಡಿ.

ಸಿಟ್ಟಿನಲ್ಲಿ ಇದ್ದರೂ ನಿಮ್ಮವಳೇ ಆದ,
ಶಿವಕಾಂತಾ

ತಾ. ಕ.: ಇದನ್ನು ಬರೆಯಬಾರದು ಅಂತ ಇಷ್ಟು ಹೊತ್ತು ಕೈ ಹಿಡಿದುಕೊಂಡಿದ್ದೆ. ಸಮುದ್ರ ನೋಡಿದವನು ನಾನು ಅಂತ ನೀವು ಅನ್ನದಿದ್ದರೆ ಬರೆಯುತ್ತಲೂ ಇರಲಿಲ್ಲ. ನಿಮ್ಮ ಹಡಗು ಓಡುವುದಿಲ್ಲ. 2008ರಲ್ಲಿ ದುಬೈಗೆ ಬಂದು ಸೇರಿದ್ದು, ಈಗ ಬಂದರಿನಲ್ಲಿ ಹೋಟೆಲಾಗಿ ನಿಂತಿದೆ. ನೀವು ಅದರ ಎ.ಸಿ., ನೀರಿನ ಪೈಪು ನೋಡಿಕೊಳ್ಳುತ್ತೀರಿ. ಅದರಲ್ಲಿ ನಾಚಿಕೆಯ ಮಾತೇನೂ ಇಲ್ಲ, ಊರಿನವರು ಹಡಗಿನ ಜಗದೇವ ಅಂದಾಗ ನಾನು ತಲೆಯಾಡಿಸಿದ್ದೇನೆ, ಮುಂದೆಯೂ ಆಡಿಸುತ್ತೇನೆ.

ನನಗೆ ಇದನ್ನು ಹೇಳಿದವಳು ಅಮೃತಾ. ಒಂಬತ್ತನೇ ತರಗತಿಯಲ್ಲಿ ಶಾಲೆಯ ಕಂಪ್ಯೂಟರಿನಲ್ಲಿ ನೋಡಿ ಬಂದಳು. "ಅವ್ವಾ, ಅಪ್ಪನ ಹಡಗ ನಿಂತದ. ನಮಗ ಗೊತ್ತಾಗ್ಯಾದ ಅಂತ ಅಪ್ಪಗ ಹೇಳಬ್ಯಾಡ, ಕಥಿ ಹೇಳೂದು ಬಿಟ್ಟುಬಿಡ್ತಾನ" ಅಂದಳು. ಮರುವಾರ ನೀವು ಫೋನ್ ಮಾಡಿದಾಗ ಎಂದಿನಂತೆ ಈಗ ಎಲ್ಲಿದ್ದೀ ಅಪ್ಪಾ ಅಂತ ಕೇಳಿದಳು. "ನ್ಯೂಯಾರ್ಕ್ ಹತ್ರ ಬಂದೇವಿ, ಭಾಳ ಥಂಡಿ ಅದ" ಅಂದಿರಿ. "ಸ್ವೆಟರ್ ಹಾಕ್ಕೋ ಅಪ್ಪಾ" ಅಂದಳು. ಒಂದಿಷ್ಟೂ ನಗಲಿಲ್ಲ.

ಇನ್ನು ಕೆಲವು ವರ್ಷಕ್ಕೆ ಅವಳು ಸಮುದ್ರದ ನಡುವಿನಿಂದ ನಿಮಗೆ ಫೋನ್ ಮಾಡಿ, ಈಗ ಎಲ್ಲಿದ್ದೇನೆ ಅಂತ ಹೇಳುತ್ತಾಳೆ. ಆಗ ಫೋನ್ ಎತ್ತಿ. ಅವಳು ನಿಜವಾಗಿಯೂ ಅಲ್ಲೇ ಇರುತ್ತಾಳೆ.